ತಾಯಿಯ ಪಾತ್ರ ಕೇಳಿ ಪಡೆದದ್ದು

ಐದಾರು ವರ್ಷದ ಹಿಂದಿನ ಮಾತು. ಆಗ ನಾನು ಕಲಬುರಗಿಯಲ್ಲಿ ಡಬ್ಬಿಂಗ್ ಕಲಾವಿದೆ. ವಯಸ್ಸು ನಲವತ್ತರ ಹತ್ತಿರ ಬಂದಿದ್ದರೂ ಕೊಡುತ್ತಿದ್ದುದು ಮಾತ್ರ ಮಕ್ಕಳ ದನಿ. ಚಿಕ್ಕಂದಿನಲ್ಲಿ ನಾಲ್ಕಾರು ಸಿನಿಮಾಗಳಲ್ಲಿ ಅತ್ತೂ ಅತ್ತೂ ಹೆಸರು ಮಾಡಿದ ಬಾಲನಟಿ ನಾನು. ಎತ್ತರ ಬೆಳೆದ ಕೂಡಲೇ ಕರೆಯುವವರು ನಿಂತರು, ಗಂಟಲು ಮಾತ್ರ ಬೆಳೆಯಲಿಲ್ಲ. ಸಣ್ಣ ಮಕ್ಕಳನ್ನು ಗಂಟೆಗಟ್ಟಲೆ ಮೈಕಿನ ಮುಂದೆ ನಿಲ್ಲಿಸಲಾಗದೆಂದು ದೊಡ್ಡ ಹೆಂಗಸರಿಂದಲೇ ಅವರ ಮಾತು ಆಡಿಸುವ ರೂಢಿ ನಮ್ಮ ವೃತ್ತಿಯಲ್ಲಿದೆ. ಬಿಸ್ಕತ್ತಿನ ಜಾಹೀರಾತು, ಕಾರ್ಟೂನಿನ ಮೊಲ, ಎಲ್ಲವೂ ನನ್ನ ಪಾಲಿಗೇ. ದೊಡ್ಡವರ ಪಾತ್ರ ಕೇಳಿದರೆ, ನಿಮ್ಮ ದನಿಗೆ ಸೀರೆ ಉಡಿಸೋಕಾಗಲ್ಲ ಮೇಡಂ ಎಂದು ನಗುತ್ತಿದ್ದರು. ಮೈಯೆಲ್ಲ ಉರಿಯುತ್ತಿತ್ತು.

ಆ ವರ್ಷ ಕಲಬುರಗಿಗೆ ಹತ್ತಿರದ ಕಮಲಾಪುರದ ಬಾಳೆ ತೋಟಗಳಲ್ಲಿ ಒಂದು ಸಿನಿಮಾ ಚಿತ್ರೀಕರಣವಾಯಿತು. ತಾಯಿಯೊಬ್ಬಳು ಮಗಳನ್ನು ಓದಲು ಹಾಸ್ಟೆಲಿಗೆ ಕಳಿಸುವ ಕಥೆ. ತಾಯಿಯ ಪಾತ್ರದವಳು ಹೊರರಾಜ್ಯದ ನಟಿ. ಬೆಂಗಳೂರಿನಲ್ಲಿ ಆಕೆಗೆ ಕೊಡಿಸಿದ ದನಿ ಕೇಳಿ ಇಲ್ಲಿಯವರು, ಇದು ಧಾರವಾಡದ ಮಾತಾಯಿತು, ನಮ್ಮದಲ್ಲ ಎಂದುಬಿಟ್ಟರು. ಹಾಗಾಗಿ ನಿರ್ದೇಶಕರು ಕಲಬುರಗಿಯ ಮೋಮಿನಪುರದ ಒಂದು ಸಣ್ಣ ಸ್ಟುಡಿಯೋಕ್ಕೆ ಬಂದರು. ನನ್ನನ್ನು ಕರೆಸಿದ್ದು ಎಂದಿನಂತೆ ಮಗಳ ದನಿಗೆ.

ಆ ಕೆಲಸ ಬೇಗ ಮುಗಿಯಿತು. ಹೊರಡುವ ಬದಲು ನಾನು ನಿರ್ದೇಶಕರ ಮುಂದೆಯೇ ನಿಂತೆ.

“ತಾಯಿ ಪಾತ್ರಾನೂ ನನಗ ಕೊಡ್ರಿ ಸರ್. ನಾ ಕಮಲಾಪುರದಾಕಿ ಇದ್ದೀನಿ.”

ಅವರು, ಬಸ್‌ಸ್ಟ್ಯಾಂಡಿನಲ್ಲಿ ತಾಯಿ ಮಗಳನ್ನು ಬೀಳ್ಕೊಡುವ ದೃಶ್ಯ ಇವತ್ತು ಸರಿಹೋದರೆ ಪಾತ್ರ ನಿಮ್ಮದು, ಇಲ್ಲದಿದ್ದರೆ ನಾಳೆ ಬೇರೆಯವರು ಬರುತ್ತಾರೆ ಎಂದರು.

ಸಂತೆಯಲ್ಲಿ ಚೌಕಾಸಿ ಮಾಡುವ ಮಾತುಗಳನ್ನು ಮೊದಲು ಆಡಿಸಿ ನೋಡಿದರು. ಅದೆಲ್ಲ ನಮ್ಮ ಮನೆ ಮಾತು, ನೀರು ಕುಡಿದಷ್ಟು ಸಲೀಸು. ಬೀಳ್ಕೊಡುಗೆಗೆ ಬಂದಾಗ ಕೆಟ್ಟಿತು. ಬಾಲನಟಿಯಾಗಿದ್ದಾಗ ಅಳುವುದೆಂದರೆ ಮೂಗು ಎಳೆದು, ಬಿಕ್ಕಿ, ದನಿ ಮೇಲೇರಿಸಬೇಕೆಂದು ಕಲಿಸಿದ್ದರಲ್ಲ, ಅದೇ ಅಳು ಬಂತು. ದೃಶ್ಯದ ತುಣುಕನ್ನು ಮತ್ತೆ ಮತ್ತೆ ಹಾಕಿದರು. ಪ್ರತಿ ಸಲವೂ ತಾಯಿಯ ಬಾಯಲ್ಲಿ ಏಳು ವರ್ಷದ ಹುಡುಗಿ ಅಳುತ್ತಿದ್ದಳು. ನಿರ್ದೇಶಕರು ವಾಚು ನೋಡಿಕೊಂಡು ಚಹಾಕ್ಕೆ ಹೊರನಡೆದರು. ಇನ್ನು ಆಯಿತು ನನ್ನ ಕಥೆ, ಸಾಯುವ ತನಕ ಮೊಲವಾಗಿಯೇ ಇರಬೇಕು ಅನ್ನಿಸಿತು.

ಅಷ್ಟರಲ್ಲಿ ಕಮಲಾಪುರದಿಂದ, ಅಜ್ಜಿಯ ಮನೆಯಲ್ಲಿದ್ದ ನನ್ನ ಮಗಳ ಫೋನ್. ತಾಯಿ ಪಾತ್ರ ಕೇಳುತ್ತೇನೆಂದು ಅವಳಿಗೆ ಬೆಳಿಗ್ಗೆಯೇ ಹೇಳಿದ್ದೆ; ಸಿಕ್ಕಿತೇ ಎಂದು ಕೇಳಿದಳು. ಉಕ್ಕಿ ಬಂದ ಅಳು ನುಂಗಿಕೊಂಡೆ.

“ಎಲ್ಲಾ ಛಲೋ ನಡದದವ್ವಾ. ನೀ ಉಂಡಿ ಇಲ್ಲ?” ಎಂದು ಕೇಳಿ ಫೋನ್ ಇಟ್ಟೆ.

ಸೌಂಡ್ ಎಂಜಿನಿಯರ್ ರಿಯಾಜ್ ಬಾಗಿಲಲ್ಲಿ ನಿಂತಿದ್ದ.

“ಅಕ್ಕಾ, ಈಗ ಮಗಳಿಗಿ ಸುಳ್ಳ ಹೇಳಿದ್ರಲ್ಲ, ಆ ದನಿ ಬೇಕ್ರಿ.”

ದೃಶ್ಯವನ್ನು ದನಿ ನಿಲ್ಲಿಸಿ ಇನ್ನೊಮ್ಮೆ ಹಾಕಿಸಿದೆ. ಆಗ ಕಣ್ಣಿಗೆ ಬಿತ್ತು. ನಟಿ ಅಳುತ್ತಲೇ ಇರಲಿಲ್ಲ. ಮಗಳ ಜಡೆ ಸರಿಮಾಡುತ್ತ, ಮಾತು ಮಾತಿನ ನಡುವೆ ತುಟಿ ಬಿಗಿ ಹಿಡಿಯುತ್ತಿದ್ದಳು. ಅವಳ ಮುಚ್ಚಿದ ಬಾಯಿಯ ಮೇಲೆ ನಾನು ಅಳು ಸುರಿಯುತ್ತಿದ್ದೆ! ನಿರ್ದೇಶಕರು ಒಳಗೆ ಬಂದ ಮೇಲೆ ಗಂಟಲು ಹಿಂಡುವುದನ್ನು ಬಿಟ್ಟು, ಮಗಳೊಂದಿಗೆ ಮಾತಾಡಿದಂತೆಯೇ ಆಡಿದೆ. ಒಂದೇ ಟೇಕ್. ಅವರು ಹೆಡ್‌ಫೋನ್ ತೆಗೆದಿಟ್ಟು, ಮರುದಿನ ಬರಬೇಕಿದ್ದ ಕಲಾವಿದೆಗೆ ಫೋನ್ ಮಾಡಿ, ಬರುವುದು ಬೇಡ ಎಂದು ಹೇಳಿದರು. ಅಂದು ಮೂವರೂ ಕೂತು ಮೋಮಿನಪುರದ ತಹರಿ ತಿಂದೆವು. ಅಷ್ಟು ರುಚಿಯಾದ ಅನ್ನ ನಾನು ಉಂಡಿಲ್ಲ.

ಚಿತ್ರ ಬಿಡುಗಡೆಯಾದಾಗ ಮಗಳೊಂದಿಗೆ ಕಲಬುರಗಿಯಲ್ಲೇ ನೋಡಿದೆ. ಬಸ್‌ಸ್ಟ್ಯಾಂಡಿನ ದೃಶ್ಯಕ್ಕೆ ಪಕ್ಕದಲ್ಲಿದ್ದ ಮಹಾಗಾಂವದ ಹೆಂಗಸು ಸೆರಗಿನಿಂದ ಕಣ್ಣೊರೆಸಿಕೊಂಡು, ಈ ತಾಯಿ ನಮ್ಮ ಕಡೆಯವಳೇ ಇರಬೇಕು, ಮಗಳೂ ಎಷ್ಟು ಚೆಂದ ಮಾತಾಡುತ್ತಾಳೆ ಎಂದಳು. ನಾನು ಬಾಯಿ ತೆರೆಯುವ ಮೊದಲೇ ನನ್ನ ಮಗಳು ಎದ್ದು ನಿಂತಳು.

“ಇಬ್ರೂ ನಮ್ಮವ್ವನೇ ಅದಾಳ್ರಿ.”

ಆಮೇಲೆ ಅತ್ತೆ, ವಕೀಲೆ, ಮಂತ್ರಿ, ಎಲ್ಲ ಪಾತ್ರಗಳೂ ಬಂದವು. ಈಗ ಕಲಿಯಲು ಬರುವವರಿಗೆ ನಾನು ದನಿ ತೆಗೆಯಿರಿ ಎನ್ನುವುದಿಲ್ಲ. ಮೊದಲು ಪಾತ್ರದ ಮುಖ ನೋಡಿ, ಅವಳು ಏನನ್ನು ನುಂಗಿಕೊಳ್ಳುತ್ತಿದ್ದಾಳೆ ಹೇಳಿ, ಆಮೇಲೆ ಮೈಕಿನ ಮುಂದೆ ಬನ್ನಿ ಅನ್ನುತ್ತೇನೆ.