ಹಿಂದಕ್ಕೆ ಸರಿದ ಕ್ಯಾಮೆರಾ

ಕ್ಯಾಮೆರಾ ಹೆಗಲಿಗೇರಿತೆಂದರೆ ನಾವೆಲ್ಲ ಕ್ಯಾಮೆರಾ ಅಣ್ಣ ಅನ್ನುತ್ತಿದ್ದ ನಮ್ಮ ಛಾಯಾಗ್ರಾಹಕರ ಕಾಲಿಂದ ಚಪ್ಪಲಿ ಕಳಚುತ್ತಿತ್ತು. ಬಿರುಕುಬಿಟ್ಟ ಹಿಮ್ಮಡಿ, ನಾವು ಶೂಟಿಂಗ್ ಮಾಡಿದ ಯಗಟಿಯ ಕೆಂಪು ಮಣ್ಣು ಮೆತ್ತಿದ ಅಂಗಾಲು. ನೆಲ ಗೊತ್ತಾಗದಿದ್ದರೆ ಕೈ ನಡುಗುತ್ತದಂತೆ. ಚಪ್ಪಲಿ ಎಲ್ಲಿ ಬಿಟ್ಟೆ ಅನ್ನುವುದು ಮಾತ್ರ ಆ ಮನುಷ್ಯನಿಗೆ ಒಂದು ದಿನವೂ ನೆನಪಿರುತ್ತಿರಲಿಲ್ಲ.

ಕಾಲಿಗೆ ಚಕ್ರ ಕಟ್ಟಿಕೊಂಡ ಜೀವ. ಕಾಫಿಯನ್ನೂ ಓಡಾಡುತ್ತಲೇ ಕುಡಿಯುವವರು. ಮೋಡ ಕವಿದರೆ ಬೈಕು ಹತ್ತಿ, ಬಿಸಿಲು ಹುಡುಕಿಕೊಂಡು ಲಿಂಗದಹಳ್ಳಿ ಕಡೆ ಹೊರಟೇಬಿಡುವವರು. ಆದರೆ ಅವರು ತೆಗೆದ ಚಿತ್ರ ಅಲುಗುತ್ತಿರಲಿಲ್ಲ. ಲೈಟು ಕೇಳುತ್ತಿರಲಿಲ್ಲ, ಬಾಗಿಲಿಂದ ಬಂದಷ್ಟು ಬೆಳಕೇ ಸಾಕು. ಕಡೂರು, ತರೀಕೆರೆಯ ಮದುವೆ ವಿಡಿಯೋಗಳಲ್ಲಿ ಕೈ ಪಳಗಿಸಿಕೊಂಡು, ದುಡ್ಡಿಲ್ಲದ ನಮ್ಮಂಥವರ ಸಿನಿಮಾಗಳಿಗೆ ಬಂದಿದ್ದರು. ಹೆಣ್ಣೊಪ್ಪಿಸುವಾಗ ಅಳುವ ಅಪ್ಪನ ಮುಖ ಬಿಟ್ಟು, ಮಗಳ ಕೈ ಬಿಡಲಾರದ ಬೆರಳುಗಳನ್ನಷ್ಟೇ ತೆಗೆಯುತ್ತಿದ್ದರಂತೆ. "ಮುಖಾನೇ ಇಲ್ವಲ್ರೀ!" ಅಂತ ಮದುವೆ ಮನೆಯವರು ಜಗಳಕ್ಕೆ ಬಂದದ್ದೂ ಉಂಟು.

ಅದೇ ಜಗಳ ನನಗೂ ಕಾದಿತ್ತು. ನನ್ನ ಮೊದಲ ಸಿನಿಮಾದ ಕೊನೆಯ ದೃಶ್ಯ: ಕುರಿಗಳನ್ನೆಲ್ಲ ಮಾರಿದ ಅಜ್ಜಿ, ಅವನ್ನು ಕೂಡುತ್ತಿದ್ದ, ಈಗ ಬರಿದಾದ ರೊಪ್ಪದ ಬಾಗಿಲು ಎಳೆಯಬೇಕು. ಅಜ್ಜಿ ನಟಿಯಲ್ಲ, ಯಗಟಿಯವಳೇ. ಹಿಂದಿನ ವರ್ಷವಷ್ಟೇ ತನ್ನ ಕುರಿಗಳನ್ನು ನಿಜವಾಗಿಯೇ ಮಾರಿದ್ದಳು. ಬಾಗಿಲು ಮುಟ್ಟಿದವಳೇ ಗೊಳೋ ಎಂದು ಅತ್ತುಬಿಟ್ಟಳು. ಹೊತ್ತು ಮುಳುಗುತ್ತಿತ್ತು. ಇನ್ನೊಮ್ಮೆ ಸಿಗುವ ಅಳುವಲ್ಲ ಅದು. "ಹತ್ರ ಹೋಗಿ, ಮುಖ ತೆಗೀರಿ!" ಎಂದು ಹಲ್ಲು ಕಚ್ಚಿ ಪಿಸುಗುಟ್ಟಿದೆ. ಅವರು ಒಂದೊಂದೇ ಹೆಜ್ಜೆ ಹಿಂದಕ್ಕೆ ಸರಿದರು. ಚಿತ್ರದಲ್ಲಿ ಅಜ್ಜಿ ಸಣ್ಣವಳಾಗುತ್ತಾ ಹೋದಳು, ಖಾಲಿ ರೊಪ್ಪ ದೊಡ್ಡದಾಗುತ್ತಾ ಹೋಯಿತು.

ಆಮೇಲೆ ಕ್ಯಾಮೆರಾವನ್ನು ನನ್ನ ಕೈಗೆ ತುರುಕಿ, ಅಜ್ಜಿಯ ಪಕ್ಕ ಮಣ್ಣಲ್ಲೇ ಕೂತರು. ಒಂದು ಕಡೆ ನಿಲ್ಲದ ಮನುಷ್ಯ ಅವಳ ಅಳು ನಿಲ್ಲುವವರೆಗೂ ಏಳಲಿಲ್ಲ.

ವಾಪಸು ಬರುವ ದಾರಿಯುದ್ದಕ್ಕೂ ಕೂಗಾಡಿದೆ. "ನನ್ನ ಸಿನಿಮಾ ಕೆಡಿಸಿದ್ರಿ!"

"ಕೆಟ್ರೆ ಕೆಡ್ಲಿ ಕಣಮ್ಮ. ಅಳೋರ ಮುಖಕ್ಕೆ ಮಿಷನ್ ಹಿಡಿಯೋದು ನನ್ ಕೈಲಾಗಲ್ಲ. ಕೈಲಿ ಕ್ಯಾಮೆರಾ ಇದ್ರೆ ದೂರ ನಿಲ್ಬೇಕು."

ನೋಡಿದವರೆಲ್ಲ ಆ ದೃಶ್ಯವನ್ನೇ ಮೆಚ್ಚಿದರು. ನನಗೆ ಇವತ್ತಿಗೂ ಸಮಾಧಾನವಿಲ್ಲ. ಆ ಮುಖ ಬೇಕಿತ್ತು ಅನ್ನುತ್ತದೆ ಮನಸ್ಸು. ಮರುಗಳಿಗೆ, ಬೇಡವಾಗಿತ್ತು ಅನ್ನುತ್ತದೆ. ಒಂದು ದಿನ ಕೂತು ಈ ಜಗಳ ಮುಗಿಸಬೇಕೆಂದಿದ್ದೆ. ಕೂರುವ ಆಸಾಮಿಯೇ ಅವರು? ಎದೆನೋವು ಅಂದವರು ಆಸ್ಪತ್ರೆ ಮುಟ್ಟುವ ಮೊದಲೇ ಹೋಗಿಬಿಟ್ಟರು.

ಅಜ್ಜಂಪುರದ ಅವರ ಮನೆಯಲ್ಲಿ ಅತ್ತಿಗೆ ಕಂಬಕ್ಕೊರಗಿ ಅಳುತ್ತಿದ್ದರು. ಯಾರೋ ಅವರತ್ತ ಮೊಬೈಲು ಎತ್ತಿ ಹಿಡಿದಿದ್ದರು. ಚಪ್ಪಲಿ ಬಿಟ್ಟು ಒಳಗೆ ಬಂದ ನಾನು, ಅತ್ತಿಗೆಯ ಮುಖ ನೋಡಲಾರದೆ ಹಿಂದೆ ಸರಿಯುತ್ತಾ ಗೋಡೆಗೆ ತಾಗಿ ನಿಂತೆ. ಅತ್ತಿಗೆ ತಲೆಯೆತ್ತಿದರು.

"ಯಾಕವ್ವ ಅಷ್ಟ್ ದೂರ ನಿಂತೆ? ನಿನ್ ಕೈಲಿ ಕ್ಯಾಮೆರಾ ಇಲ್ವಲ್ಲ. ಬಾ."

ಹೋಗಿ ಅವರ ಪಕ್ಕದಲ್ಲಿ ಕೂತೆ.