ಹಣೆಗೆ ಹಚ್ಚಿದ ಕಾಡಿಗೆ

ಆ ಕನಸು ನನ್ನದು, ಅಕ್ಕಾ. ನಿನ್ನದೆಂದು ಎಲ್ಲರ ಮುಂದೆ ಸುಳ್ಳು ಹೇಳಿದೆ.

ಹೊಸಪೇಟೆಯ ನಮ್ಮ ಅಕ್ಕಿ ಗಿರಣಿ ನೋಡಿಕೊಳ್ಳಬೇಕಾದ ನಾನು ಮದರಾಸಿನಿಂದ ಹಿಡಿಕೆ ತಿರುಗಿಸುವ ಸಿನಿಮಾ ಕ್ಯಾಮೆರಾ ಕೊಂಡುತಂದೆ. ಚಿತ್ರಕ್ಕೆ ಕಥೆ ಬೇಡ, ಕನಸು ಸಾಕು, ಮನಸ್ಸಿನ ತಳದಲ್ಲಿ ಅಡಗಿದ್ದು ತಾನೇ ಮೇಲೆ ಬರುತ್ತದೆ — ಎಂದು ಮನೆಯವರಿಗೆಲ್ಲ ಉಪದೇಶ. ರೀಲಿಗೆ ಬಿಸಿಲು ತಗುಲೀತೆಂದು ದಿನವಿಡೀ ಹೆದರುವವನು ನಾನು. ಮನಸ್ಸಿನ ತಳಕ್ಕೆ ಮಾತ್ರ ಹೆದರಲಿಲ್ಲ, ಅದು ಬೇರೆಯವರದಾಗಿದ್ದರೆ.

ಕನಸಿನಲ್ಲಿ ನೀನು, ಭಾವ ಸಾಯುವ ಮೊದಲಿನಂತೆ ಕುಂಕುಮವಿಟ್ಟು, ಹಂಪಿಯ ಕಂಬಗಳ ನಡುವೆ ನಗುತ್ತ ನಡೆಯುತ್ತಿದ್ದೆ. ಅದನ್ನೇ ತೆಗೆಯೋಣವೆಂದೆ.

“ಕುಂಕುಮ ಬ್ಯಾಡೋ ತಮ್ಮಾ. ಅಪ್ಪ ನೋಡಿದ್ರ ಚೋರನೂರಿಗೆ ಅಟ್ತಾನ.”

ಚೋರನೂರು — ನೀನು ಅತ್ತು ಕರೆದು ಬಿಟ್ಟುಬಂದ ಅತ್ತೆಮನೆ.

“ಕಾಡಿಗಿ ಹಚ್ತೀನಿ. ಚಿತ್ರದಾಗ ಕೆಂಪೂ ಕಪ್ಪ, ಕಪ್ಪೂ ಕಪ್ಪ.”

“ನಿನ್ನ ತಲೀನೂ ಹಂಗ ಐತಿ ಬಿಡು,” ಎಂದು ನಕ್ಕು ನೀನು ಹಣೆ ಒಡ್ಡಿದೆ.

ನಡುಮನೆಯ ಗೋಡೆಗೆ ಧೋತರ ಕಟ್ಟಿ ನೆಂಟರಿಗೆಲ್ಲ ತೋರಿಸಿದೆ. ನಿನ್ನ ಮುಖ ಬಂತು, ಹಣೆಯ ಮೇಲೆ ಬೊಟ್ಟು. ಅಪ್ಪ ಎದ್ದು ನಿಂತ.

“ಗಂಡ ಸತ್ತಾಕಿ ಹಣಿಗೆ ಕುಂಕುಮ? ಯಾರ ತಲ್ಯಾಗ ಹುಟ್ಟಿದ್ದಲೇ ಇದು?”

ಕಾಡಿಗೆ — ಆ ಒಂದು ಮಾತು ಸಾಕಿತ್ತು. ಆದರೆ ಅದನ್ನು ಹೇಳಿದರೆ ನನ್ನ ಕನಸು ಬರಿಯ ಕಣ್ಕಟ್ಟಾಗುತ್ತದೆಂಬ ಜಂಬ… ಇಲ್ಲ, ಜಂಬವೂ ಅಲ್ಲ. ಅಪ್ಪನ ಕೈ ಮೇಲೆದ್ದಿತ್ತು, ಅಷ್ಟೆ.

“ಅಕ್ಕನ ಕನಸಪ್ಪಾ. ಆಕೀನ ಹೇಳಿ ಮಾಡಿಸಿದ್ಳು.”

ನೀನು ನನ್ನ ಕಡೆ ನೋಡಿದೆ. ಕಾಡಿಗೆಯ ಮಾತು ನಾನೇ ಎತ್ತಲೆಂದು ಕಾದೆಯೇನೋ. ಆಮೇಲೆ ಮೆಲ್ಲಗೆ, “ಹೌದಪ್ಪಾ, ನಂದ,” ಎಂದೆ.

ಮರುದಿನವೇ ನಿನ್ನನ್ನು ಗಾಡಿ ಹತ್ತಿಸಿದರು. ಚೋರನೂರಿನಲ್ಲಿ ಇಂದಿಗೂ ನಿನ್ನನ್ನು ‘ಕುಂಕುಮದ ಕನಸಿನಾಕಿ’ ಎಂದೇ ಕರೆಯುತ್ತಾರೆ. ನನ್ನ ಮೊದಲ ಚಿತ್ರಕ್ಕೆ ಸಿಕ್ಕ ಕೀರ್ತಿ ಅದು.

ಕಳೆದ ಸಲ ಅಲ್ಲಿಗೆ ಬಂದಾಗ, ಈಗಲೂ ಕನಸು ಬೀಳುತ್ತದೆಯೇ ಎಂದು ಕೇಳಿದ್ದೆ. ಜೋಳ ಹಸನು ಮಾಡುತ್ತಿದ್ದ ನೀನು ತಲೆ ಎತ್ತಲಿಲ್ಲ.

“ಬಿದ್ರೂ ನಿನಗ ಹೇಳಂಗಿಲ್ಲ ಬಿಡೋ.”

ಈ ಸಲ ಬರುತ್ತಿರುವುದು ಕೇಳಲು ಅಲ್ಲ, ಹೇಳಲು. ನಿನ್ನ ಅತ್ತೆಮನೆಯವರ ಮುಂದೆ ನಿಂತು, ಕನಸು ನನ್ನದು, ಹಣೆಯ ಮೇಲಿದ್ದದ್ದು ಕಾಡಿಗೆ ಎಂದು ಹೇಳುತ್ತೇನೆ. ಅಪ್ಪ ಸತ್ತ ಮೇಲೆ ಬಂದ ಧೈರ್ಯ ಇದು — ಅದನ್ನೂ ಹೇಳುತ್ತೇನೆ.