ರಜೆ ಸಿಗದ ಗುಮಾಸ್ತನ ಬಡ್ತಿ

ಗೆಳೆಯರೇ, ಇವತ್ತು ನನಗೆ ಬರಬೇಕಿದ್ದ ಬಡ್ತಿ ತಪ್ಪಿತು. ನಿಜಾಮ ಸರ್ಕಾರದ ಕಚೇರಿಯಲ್ಲಿ ಉರ್ದು ಪರೀಕ್ಷೆ ಪಾಸಾಗದ ಗುಮಾಸ್ತನಿಗೆ ಬಡ್ತಿ ಇಲ್ಲವಂತೆ.

"ಪರೀಕ್ಷಾಕ್ಕ ಕಲಬುರ್ಗಿಗೆ ಹೋಗ್ತೀನಂದ್ರ ನೀವ ರಜಾ ಕೊಡಲಿಲ್ಲಲ್ರಿ?" ಎಂದು ಸಾಹೇಬರನ್ನು ಎಲ್ಲರೆದುರೇ ಕೇಳಿದೆ.

"ನೀವು ಹೋದ್ರ ಹನುಮಸಾಗರದ ರೈತರ ಅರ್ಜಿ ಯಾರು ನೋಡ್ತಿದ್ರು? ಕಚೇರಿಗೆ ಭಾಳ ಬೇಕಾದವ್ರು ನೀವು" ಎಂದರು.

ಬಡ್ತಿ ಸಿಕ್ಕಿದ್ದು ಪಕ್ಕದ ಮೇಜಿನ ಶೇಷಪ್ಪನಿಗೆ. ಅವನಿಲ್ಲದಿದ್ದರೂ ಕೆಲಸ ನಿಲ್ಲುವುದಿಲ್ಲವೆಂದು ಅವನಿಗೆ ಕೇಳಿದಷ್ಟು ರಜೆ ಕೊಟ್ಟಿದ್ದರು; ಅವನು ಕಲಬುರ್ಗಿಗೆ ಹೋಗಿ ಪರೀಕ್ಷೆ ಪಾಸಾಗಿ ಬಂದಿದ್ದ.

ಸಿಟ್ಟಿನಿಂದ ಅಲ್ಲೇ ನಿಂತು ಮುಂದಿನ ಪರೀಕ್ಷೆಗೆ ರಜೆ ಕೇಳಿದೆ.

"ನನ್ನ ಕೇಳಬ್ಯಾಡ್ರಿ. ನಾಳಿಂದ ನಿಮ್ಮ ರಜಾ ಶೇಷಪ್ಪನ ಕೈಯಾಗ ಐತಿ."

ಶೇಷಪ್ಪ ಗಾಬರಿಯಾದ. "ನೀವು ಹೋದ್ರ ನನಗ ಕೆಲಸ ಕಲಿಸೋರು ಯಾರ್ರಿ?"

ಕಚೇರಿಗೆ ಬೇಡವಾಗಿರುವುದೇ ಬಡ್ತಿಗೆ ಮೊದಲ ಅರ್ಹತೆ ಎಂದು ನನಗೆ ಯಾರೂ ಹೇಳಿರಲಿಲ್ಲ.